ನಡುಬಾಗಿಲ ಚಿಲಕ

ಹಾಲಿನ ಸಂಘದಲ್ಲಿ ನಿನ್ನ ಸದಸ್ಯತ್ವ ಹೋಗಿದ್ದು ಮಾವನ ಮಾತಿನಿಂದಲ್ಲ, ಮಂಜುಳಾ. ನನ್ನ ಮಾತಿನಿಂದ. ಸಹಕಾರ ಇಲಾಖೆಯ ಸಾಹೇಬರು ಮನೆ ನೋಡಲು ಬಂದ ದಿನ ಮಾವ ಬಾಯಿಯನ್ನೇ ಬಿಟ್ಟಿರಲಿಲ್ಲ. ಬಾಯಿ ಬಿಟ್ಟವಳು ನಾನು — ನಿನ್ನ ವಾರಗಿತ್ತಿ, ನೀನು ಬಾಯಿ ತುಂಬಾ ಅಕ್ಕ ಎಂದು ಕರೆಯುವ ಗೌರಮ್ಮ, ಆಗಲೂ ಈಗಲೂ ಈ ಊರಿನ ಮಹಿಳಾ ಹಾಲು ಉತ್ಪಾದಕರ ಸಂಘದ ಅಧ್ಯಕ್ಷೆ.

ಇದನ್ನು ನಿನ್ನ ಎದುರಿಗೆ ಕೂತು ಹೇಳಬೇಕಿತ್ತು. ಹೇಳಲೆಂದೇ ಎರಡು ಮೂರು ಸಲ ನಿನ್ನ ಅಡುಗೆಮನೆಯವರೆಗೂ ಬಂದೆ. ನೀನು ಮಣೆ ಹಾಕಿದೆ, ಚಹಾ ಕೊಟ್ಟೆ. ನಾನು ಕುಡಿದು, ಕರು ಯಾಕೋ ಸೊರಗಿದೆಯಲ್ಲ ಎಂದು ಏನೋ ಒಂದು ಆಡಿ ಎದ್ದು ಬಂದೆ. ಜಗಳಕ್ಕೆ ನಿಂತರೆ ಇಡೀ ಓಣಿ ಕೇಳುವ ಹಾಗೆ ಮಾತಾಡುವವಳು ನಾನು, ನಿನಗೇ ಗೊತ್ತು. ತಪ್ಪಾಯಿತು ಎನ್ನುವ ಒಂದು ಮಾತಿಗೆ ಮಾತ್ರ ನನ್ನ ನಾಲಗೆ ಹೊರಳುವುದಿಲ್ಲ. ಅದಕ್ಕೇ ಬರೆಯುತ್ತಿದ್ದೇನೆ. ನಿನಗೆ ಗೊತ್ತಿರುವುದನ್ನೂ ಮತ್ತೆ ಬರೆಯುತ್ತೇನೆ, ಬೇಸರ ಮಾಡಿಕೊಳ್ಳಬೇಡ. ಇದನ್ನು ನೀನೊಬ್ಬಳೇ ಓದಿದರೆ ಸಾಲದು. ಸಂಘದ ಹೆಂಗಸರೆಲ್ಲ ಓದಬೇಕು.

ನಮ್ಮ ಮನೆ ಹೇಗಿದೆ ಎಂಬುದರಿಂದಲೇ ಶುರು ಮಾಡುತ್ತೇನೆ, ಯಾಕೆಂದರೆ ಎಲ್ಲ ಕೆಟ್ಟಿದ್ದು ಅಲ್ಲಿಂದಲೇ. ಒಂದೇ ಮಾಡಿನ ಉದ್ದನೆಯ ಮನೆ. ಅಣ್ಣತಮ್ಮಂದಿರು ಬೇರೆಯಾದಾಗ ಮಧ್ಯೆ ಒಂದು ಗೋಡೆ ಎಬ್ಬಿಸಿದರು. ರಸ್ತೆಗೆ ಎರಡು ಬಾಗಿಲಾದವು, ಹಿಂದೆ ಎರಡು ಅಡುಗೆಮನೆ, ಎರಡು ಕೊಟ್ಟಿಗೆ. ಗೋಡೆಯಲ್ಲಿ ಒಂದು ನಡುಬಾಗಿಲು ಬಿಟ್ಟರು, ಮಕ್ಕಳು ಓಡಾಡಿಕೊಂಡಿರಲಿ ಎಂದು. ಜಗಲಿ ಒಂದೇ, ಅದು ಮಾವನದ್ದು. ಅವರ ಊಟ ಒಂದು ತಿಂಗಳು ನನ್ನಲ್ಲಿ, ಒಂದು ತಿಂಗಳು ನಿನ್ನಲ್ಲಿ. ಊರಲ್ಲಿ ಯಾರನ್ನು ಕೇಳಿದರೂ ನಮ್ಮದು ಎರಡು ಮನೆ ಎನ್ನುತ್ತಿದ್ದರು. ಆದರೆ ಕಾಗದದಲ್ಲಿ ಏನೂ ಬೇರೆಯಾಗಿರಲಿಲ್ಲ. ಪಹಣಿ ಮಾವನ ಹೆಸರಿನಲ್ಲಿ, ರೇಷನ್ ಕಾರ್ಡು ಒಂದೇ, ಗ್ಯಾಸಿನ ಸಿಲಿಂಡರೂ ಒಂದೇ — ಅದು ನನ್ನ ಕಡೆ. ನೀನು ಸೌದೆ ಒಲೆಯಲ್ಲೇ ಬೇಯಿಸುತ್ತಿದ್ದೆ. ಬೇರೆ ಬೇರೆ ಕಾಗದ ಮಾಡಿಸಿದರಾಯಿತು ಬಿಡು ಎಂದು ಎಲ್ಲರೂ ಮುಂದೆ ಹಾಕುತ್ತಲೇ ಬಂದೆವು.

ನೀನು ಜಗಳೂರು ಕಡೆಯವಳು. ಮದುವೆಯಾಗಿ ಬಂದ ಹೊಸತರಲ್ಲಿ ನಿನ್ನನ್ನು ನಾನು ಆಡಿಕೊಂಡಿದ್ದೇ ಆಡಿಕೊಂಡಿದ್ದು, 'ನಿಮ್ಮೂರಲ್ಲಿ ಕುರಿ ಬಿಟ್ರೆ ಇನ್ನೇನ್ ಕಂಡೀಯೇ' ಎಂದು. ನನ್ನ ತವರು ಸಂತೇಬೆನ್ನೂರಿನ ಹತ್ತಿರ ಎಂಬ ಜಂಬ ಬೇರೆ. ನೀನು ನಗುತ್ತಿದ್ದೆ. ಆಮೇಲೆ ನಿಮ್ಮಪ್ಪ ತೀರಿಕೊಂಡು ನಿಮ್ಮವ್ವ ನಿಂಗಜ್ಜಿ ನಿನ್ನ ಹತ್ತಿರವೇ ಇರಲು ಬಂದಳಲ್ಲ, ಬಂದದ್ದು ಬಾಡಿಗೆ ಗಾಡಿಯಲ್ಲಿ, ಒಂದು ಹಸುವನ್ನೂ ಹೇರಿಕೊಂಡು. 'ಮಗಳ ಮನಿಗೆ ಬರಿಗೈಲಿ ಹೆಂಗ್ ಬರ್ಲಿ' ಎಂದಳು. ಅದರ ಹಾಲು ಡೈರಿಗೆ ಹಾಕಿಯೇ ನೀನು ಸಂಘದ ಸದಸ್ಯೆಯಾದೆ. ಅರ್ಜಿಗೆ ಸಹಿ ಹಾಕಿ ಸೇರಿಸಿಕೊಂಡವಳು ಅಧ್ಯಕ್ಷೆ ನಾನೇ. ಒಂದು ಕುಟುಂಬಕ್ಕೆ ಒಂದೇ ಸದಸ್ಯತ್ವ ಎಂಬ ನಿಯಮ ಆಗಲೂ ಇತ್ತು. ನಮ್ಮದು ಎರಡು ಕುಟುಂಬ ಎಂದು ಸಭೆಯಲ್ಲಿ ಎದ್ದು ನಿಂತು ಹೇಳಿದವಳೂ ನಾನೇ. ಇದನ್ನು ನೆನೆಸಿಕೊಂಡರೆ —

ಇರಲಿ. ಮುಂದಿನದನ್ನು ಹೇಳುತ್ತೇನೆ.

ಆ ವರ್ಷದ ಸರ್ವ ಸದಸ್ಯರ ಸಭೆಯಲ್ಲಿ ನೀನು ಎದ್ದು ಕೇಳಿದೆ: "ಹಾಲಿನ ಫ್ಯಾಟ್ ಅಳೆಯೋ ಯಂತ್ರ ಕೆಟ್ಟು ಎಷ್ಟ್ ದಿನ ಆತು? ಎಮ್ಮೆ ಹಾಲಿಗೂ ಹಸಿನ ಹಾಲಿಗೂ ಒಂದೇ ಫ್ಯಾಟ್ ಬರಕಂತಿದ್ರೆ ಹೆಂಗೆ?" ಸಿಟ್ಟಿನಿಂದಲ್ಲ, ಸಹಜವಾಗಿಯೇ ಕೇಳಿದೆ. ಹೆಂಗಸರು ಚಪ್ಪಾಳೆ ತಟ್ಟಿದರು. ಮೈಕು ಹಿಡಿದು ಕೂತಿದ್ದವಳು ನಾನು. ಯಂತ್ರ ಕೆಟ್ಟಿರುವುದೇ ನನಗೆ ಗೊತ್ತಿರಲಿಲ್ಲ. ನಾನು ಹಾಲು ಕರೆಯಲು ಕೂರಿಸಿ ಕಲಿಸಿದ ಹುಡುಗಿ ನನ್ನನ್ನು ಊರ ಮುಂದೆ ಪ್ರಶ್ನೆ ಕೇಳಿದಳಲ್ಲ ಎಂದು ಸಭೆಯನ್ನು ಬೇಗ ಮುಗಿಸಿ ಎದ್ದೆ. ಮನೆಗೆ ಬರುವಾಗ ದಾರಿಯುದ್ದಕ್ಕೂ ಹೆಂಗಸರು, ಈ ಸಲ ಚುನಾವಣೆಗೆ ಮಂಜುಳನೇ ನಿಲ್ಲಲಿ ಎಂದು ಮಾತಾಡಿಕೊಳ್ಳುತ್ತಿದ್ದರು. ನನಗೆ ಕೇಳಲಿ ಎಂದೇ ಆಡಿದರೋ, ಕೇಳಿಸುತ್ತದೆಂದು ಗೊತ್ತಿಲ್ಲದೆ ಆಡಿದರೋ, ನನಗಂತೂ ಚೆನ್ನಾಗಿ ಕೇಳಿಸಿತು.

ಚುನಾವಣೆ ಹತ್ತಿರ ಬರುತ್ತಿದ್ದ ಹಾಗೆ ನಿನ್ನ ಮೇಲೆ ತಕರಾರು ಅರ್ಜಿ ಬಿತ್ತು — ಒಂದೇ ಕುಟುಂಬದಲ್ಲಿ ಇಬ್ಬರು ಸದಸ್ಯರಿದ್ದಾರೆ, ಆಮೇಲೆ ಸೇರಿದವಳದ್ದು ರದ್ದು ಮಾಡಿ ಎಂದು. ಅರ್ಜಿ ಹಾಕಿದವಳು ನಾನಲ್ಲ. ಅಷ್ಟು ಮಾತ್ರ ನಿಜ. ನಿನ್ನನ್ನು ಕಂಡರಾಗದವರು ಇನ್ನೂ ಇದ್ದರು. ಆದರೆ ಸುದ್ದಿ ಕೇಳಿದಾಗ ನನಗೆ ಸಂಕಟವಾಗಲಿಲ್ಲ, ಒಳಗೊಳಗೇ ಹಗುರವಾಯಿತು. ಹೊರಗೆ ಮಾತ್ರ, 'ಅದೆಂಗೆ ರದ್ದು ಮಾಡ್ತಾರೆ ನಾನೂ ನೋಡ್ತೀನಿ' ಎಂದು ಜಗಲಿಯ ಮೇಲೆ ನಿಂತು ಕೂಗಾಡಿದೆ. ನೀನು ನಂಬಿದೆ.

ವಿಚಾರಣೆಗೆ ನೇಮಕವಾಗಿದ್ದ ಸಾಹೇಬರು ಒಳ್ಳೆಯವರು, ಮಂಜುಳಾ. ಅವರು ದುಡ್ಡು ತಿಂದರು ಎಂದು ನಿನ್ನ ಗಂಡ ಇವತ್ತಿಗೂ ಹೇಳುತ್ತಾನೆ, ನಾನು ಕೇಳಿಸಿಕೊಂಡು ಸುಮ್ಮನಿರುತ್ತೇನೆ. ಅವರ ಮೇಲೂ ಒಂದು ಪಾಪ ಹೊರಿಸಿದ್ದೇನೆ. ಕಾಗದದಲ್ಲಿ ಒಂದೇ ಮನೆ, ಊರಿನವರ ಬಾಯಲ್ಲಿ ಎರಡು ಮನೆ. ಹಾಗಾಗಿ ಅವರು, ನಾನೇ ಬಂದು ಒಲೆ ನೋಡುತ್ತೇನೆ ಎಂದರು. ಒಲೆ ಎರಡಾದರೆ ಕುಟುಂಬ ಎರಡು. ದೂರು ಕೊಟ್ಟವರೂ ಜೊತೆಗೆ ಬರಬಾರದು, ಸಂಘದವರೂ ಬರಬಾರದು ಎಂದು ಕಟ್ಟುನಿಟ್ಟು ಮಾಡಿದರು. ಆ ವಾರದಲ್ಲಿ ಯಾವಾಗ ಬೇಕಾದರೂ ಬರುತ್ತೇನೆ ಎಂದು ನೋಟಿಸು ಬಂತು.

ಆ ವಾರವೇ ನಿಂಗಜ್ಜಿ ತೀರಿಕೊಂಡಳು.

ಸಾವಿನ ಮನೆಯಲ್ಲಿ ಹಾಲು-ತುಪ್ಪ ಬಿಡುವವರೆಗೆ ಒಲೆ ಹಚ್ಚುವ ಹಾಗಿಲ್ಲ. ಅನ್ನ ಬೇರೆ ಮನೆಯಿಂದ ಬರಬೇಕು. ಹೆಣ ಎತ್ತುವ ಮೊದಲೇ ಓಣಿಯ ಹಿರಿಯರು ನಡುಬಾಗಿಲು ಮುಚ್ಚಿಸಿ, ನನ್ನ ಕಡೆಯಿಂದ ಚಿಲಕ ಹಾಕಿಸಿದರು — ಸಾವು ಆ ಮನೆಯದು, ಈ ಮನೆಯದಲ್ಲ. ನಿಂಗಜ್ಜಿ ನಿಮ್ಮವ್ವ, ನಮ್ಮ ವಂಶದವಳಲ್ಲ. ನಿನ್ನ ಒಲೆ ಆರಿರಲಿ, ನನ್ನ ಒಲೆ ಉರಿಯಲಿ ಎಂದು. ಅಂದರೆ ನಿನಗೆ ಅನ್ನ ಮಾಡಿ ಹಾಕುವ ಹಕ್ಕು ನನಗೆ ಬಂದದ್ದೇ ನಾವು ಬೇರೆ ಬೇರೆ ಮನೆಯವರು ಎಂಬ ಕಾರಣಕ್ಕೆ. ಒಂದೇ ಮನೆಯಾಗಿದ್ದರೆ ನನ್ನ ಒಲೆಯೂ ಆರಿರಬೇಕಿತ್ತು. ಇದು ನಮ್ಮೂರಿನ ಚಿಕ್ಕ ಮಕ್ಕಳಿಗೂ ಗೊತ್ತು. ಹೊರಗಿನಿಂದ ಬಂದ ಸಾಹೇಬರಿಗೆ ಯಾರಾದರೂ ಹೇಳಬೇಕಿತ್ತು, ಅಷ್ಟೆ.

ಮೂರನೆಯ ದಿನ ಬೆಳಿಗ್ಗೆ ನಿನ್ನ ಮನೆಯನ್ನೆಲ್ಲ ತೊಳೆದು, ಒಲೆಯ ಬೂದಿ ತೆಗೆದು, ಸಗಣಿಯಲ್ಲಿ ಸಾರಿಸಿದರು. ಪಾತ್ರೆಗಳನ್ನು ಬೆಳಗಿ ಹಿತ್ತಲಲ್ಲಿ ಬೋರಲು ಹಾಕಿದರು. ನೀವೆಲ್ಲ ಹಾಲು-ತುಪ್ಪ ಬಿಡಲು ನಿಂಗಜ್ಜಿಯನ್ನು ಹೂತ ಮಣ್ಣಿನ ಹತ್ತಿರ ಹೊರಟಿರಿ. ನೀನು ಹಾಲಿನ ಚೊಂಬು ಹಿಡಿದುಕೊಂಡು ನನ್ನ ಬಾಗಿಲಿಗೆ ಬಂದು ನಿಂತೆ. ಅತ್ತು ಅತ್ತು ನಿನ್ನ ದನಿ ಹೂತುಹೋಗಿತ್ತು.

"ಅಕ್ಕ, ಆ ಸಾಹೇಬ್ರು ಇವತ್ತೇ ಬಂದ್ರೂ ಬರಬೋದು. ಬಂದ್ರೆ ಹಿಂಗಾಗೈತೆ ಅಂತ ನೀವೇ ಒಂದ್ ಮಾತು ಹೇಳ್ರಿ."

"ಹೋಗಿ ಬಾರವ್ವ, ನಾನಿಲ್ವಾ" ಎಂದೆ. ಆಗ ನಿಜವಾಗಿ ಹೇಳಬೇಕೆಂದೇ ಇದ್ದೆ ಎಂದು ಇಷ್ಟು ವರ್ಷ ನನಗೆ ನಾನೇ ಹೇಳಿಕೊಂಡು ಬಂದಿದ್ದೇನೆ. ಈಗ ಅದೂ ಗಟ್ಟಿಯಾಗಿ ಗೊತ್ತಿಲ್ಲ.

ನೀವು ಅತ್ತ ಹೋದಿರಿ, ಇತ್ತ ಜೀಪು ಬಂತು. ಸಾಹೇಬರು ಜಗಲಿಯ ಮೇಲಿದ್ದ ಮಾವನ ಹತ್ತಿರ ಬಗ್ಗಿ, "ಎಲ್ಲಾ ಒಟ್ಟಿಗೇ ಇದೀರಾ ಅಜ್ಜ?" ಎಂದು ಕೇಳಿದರು. ಮಾವನಿಗೆ ಆಗಲೇ ಕಿವಿ ಪೂರ್ತಿ ಹೋಗಿತ್ತು. ಯಾರೋ ದೊಡ್ಡವರು ಬಂದಿದ್ದಾರೆ ಎಂದು ಕೈ ಮುಗಿದರು. ಎದುರುಮನೆಯವರು ಕಂಡದ್ದು ಇಷ್ಟೇ, ಆಮೇಲೆ ನಿನಗೆ ಹೇಳಿದ್ದೂ ಇಷ್ಟೇ. ಸಾಹೇಬರು ಒಳಗೆ ಬಂದರು. ನನ್ನ ಅಡುಗೆಮನೆಯಲ್ಲಿ ಹಬೆ, ಬಿಸಿ, ದೊಡ್ಡ ತಪ್ಪಲೆಯಲ್ಲಿ ಅನ್ನ — ಮಣ್ಣಿನಿಂದ ಹಿಂದಿರುಗಿ ಬರುವ ನಿಮಗೆಲ್ಲ. ಇನ್ನೊಂದು ಅಡುಗೆಮನೆ ಎಲ್ಲಿ ಎಂದು ಕೇಳಿದರು.

ಹೊರಗಿನಿಂದ ಸುತ್ತಿ ನಿನ್ನ ಬಾಗಿಲಿಗೆ ಕರೆದುಕೊಂಡು ಹೋಗಬಹುದಿತ್ತು. ನಿನ್ನ ಬಾಗಿಲು, ನಿನ್ನ ಹೊಸ್ತಿಲು ಎಂದು ಅವರಿಗೆ ಕಾಣುತ್ತಿತ್ತು. ನಾನು ಹಾಗೆ ಮಾಡಲಿಲ್ಲ. ಹಿರಿಯರು ಹಾಕಿಸಿದ್ದ ನಡುಬಾಗಿಲ ಚಿಲಕ ತೆಗೆದೆ. ಕೈ ಒಂದು ಕ್ಷಣವೂ ತಡೆಯಲಿಲ್ಲ, ಮಂಜುಳಾ. ಅಲ್ಲೇ ಇದೆ ಬನ್ನಿರಿ ಎಂದು, ಒಂದೇ ಮನೆಯ ಒಂದು ಕೋಣೆಯಿಂದ ಇನ್ನೊಂದು ಕೋಣೆಗೆ ಕರೆದೊಯ್ಯುವ ಹಾಗೆ ಕರೆದುಕೊಂಡು ಹೋದೆ.

ಸಾರಿಸಿದ ಒಲೆ. ಒಂದು ಚಿಟಿಕೆ ಬೂದಿ ಇಲ್ಲ. ಒಂದು ಪಾತ್ರೆ ಇಲ್ಲ. ಸಾಹೇಬರು ಬಗ್ಗಿ ಒಲೆಯ ಮೇಲೆ ಕೈಯಿಟ್ಟು ನೋಡಿದರು.

"ಇಲ್ಲಿ ಅಡುಗೆ ಮಾಡಲ್ವೇನಮ್ಮ?"

"ಇಲ್ರೀ ಸಾಹೇಬ್ರೇ. ಎಲ್ರೂ ನಮ್ ಒಲೇಲೇ ಉಣ್ತಾರೆ."

ಇಷ್ಟೇ ನಾನು ಹೇಳಿದ್ದು. ಅದರಲ್ಲಿ ಒಂದು ಅಕ್ಷರವೂ ಸುಳ್ಳಲ್ಲ ಎಂದು ಆಮೇಲೆ ಎಷ್ಟು ಸಲ ಮನಸ್ಸಿನಲ್ಲೇ ವಾದ ಮಾಡಿದ್ದೇನೋ. ಆ ಮೂರು ದಿನ ಎಲ್ಲರೂ ನನ್ನ ಒಲೆಯಲ್ಲೇ ಉಂಡಿದ್ದಿರಿ, ನಿಜ. ಆದರೆ ಯಾಕೆ ಉಂಡಿರಿ ಎಂಬುದನ್ನು ನುಂಗಿಕೊಂಡೆ. ಅವರು ತಲೆಯಾಡಿಸಿದರು. ನನ್ನ ಹೆಸರು ಕೇಳಲಿಲ್ಲ, ಸಹಿ ಕೇಳಲಿಲ್ಲ. ಚಹಾ ಬೇಡ ಎಂದು ಹೊರಟುಹೋದರು. ನಾನು ನಡುಬಾಗಿಲು ಎಳೆದು ಮತ್ತೆ ಚಿಲಕ ಹಾಕಿದೆ. ಅನ್ನ ಸೀಯುವ ವಾಸನೆ ಬರುತ್ತಿತ್ತು, ಓಡಿಹೋಗಿ ಇಳಿಸಿದೆ.

ನೀನು ಬಂದ ತಕ್ಷಣ ಕೇಳಿದೆ, ಸಾಹೇಬರು ಬಂದಿದ್ದರಾ, ಹೇಳಿದಿರಾ ಎಂದು. ಹೇಳಿದೆ ಎಂದೆ ನಾನು. ತಳ ಹಿಡಿದ ಅನ್ನವನ್ನು ನಿನ್ನ ಎಲೆಗೆ ಬಡಿಸುತ್ತಾ ಹೇಳಿದೆ.

ಮುಂದಿನದು ನಿನಗೆ ಗೊತ್ತು. ಸ್ಥಳದಲ್ಲಿದ್ದ ಕುಟುಂಬದವರನ್ನು ವಿಚಾರಿಸಲಾಗಿ ಎಲ್ಲರ ಊಟ ಒಂದೇ ಒಲೆಯಲ್ಲಿ ಎಂದು ತಿಳಿದುಬಂತು, ಎರಡನೆಯ ಅಡುಗೆಮನೆ ಬಳಕೆಯಲ್ಲಿಲ್ಲ — ಹೀಗೆ ಆದೇಶ ಬಂತು. ಸದಸ್ಯತ್ವ ರದ್ದು. ನೀನು ಆದೇಶವನ್ನು ಹಿಡಿದುಕೊಂಡು ನನ್ನ ಅಡುಗೆಮನೆಯಲ್ಲಿ ಕೂತೆ. "ಕುಟುಂಬದವರು ಅಂದ್ರೆ ಯಾರಕ್ಕ? ಮಾವ ಏನಾರ ಅಂದ್ರಾ? ಜಗಲೀಲಿ ಅವರ್ನ ಮಾತಾಡಿಸಿದ್ರಂತೆ" ಎಂದೆ.

ನಾನು, "ಇರಬೋದು ಕಣೇ. ವಯಸ್ಸಾಗೈತೆ, ಏನೋ ಅಂದಿರ್ತಾರೆ" ಎಂದೆ.

ಮೊದಲನೆಯ ತಪ್ಪಿಗೆ ಹೊಟ್ಟೆಕಿಚ್ಚು ಎಂದಾದರೂ ಒಂದು ಹೆಸರಿದೆ. ಇದಕ್ಕೆ ಏನೆಂದು ಹೆಸರಿಡಲಿ? ಕಿವಿ ಕೇಳದ, ತನ್ನ ಪರವಾಗಿ ಒಂದು ಮಾತೂ ಆಡಲಾರದ ಮುದುಕನನ್ನು ಮುಂದೆ ತಳ್ಳಿ ನಾನು ಹಿಂದೆ ಅಡಗಿಕೊಂಡೆ.

ನೀನು ದಾವಣಗೆರೆಗೆ ಮೇಲ್ಮನವಿ ಹೋದೆ. ಮನೆಯಲ್ಲಿ ಸಾವಾಗಿತ್ತು, ಅದಕ್ಕೇ ಒಲೆ ಹಚ್ಚಿರಲಿಲ್ಲ ಎಂದು ಹೇಳಿಕೊಂಡೆ. ಹೊನ್ನಾಳಿಯ ನಿನ್ನ ವಕೀಲರು, ನಿಮ್ಮ ಮಾತು ಒಂದೇ ಸಾಲದು, ಹಿರಿಯ ಸೊಸೆ ಬಂದು ಪ್ರಮಾಣ ಮಾಡಿ ಹೇಳಲಿ ಎಂದರಂತೆ. ನೀನು ಬಂದು ಕೇಳಿದೆ. ಆಗಲೂ ಒಂದು ದಾರಿ ಇತ್ತು ನನಗೆ — ಹಳೆಯದನ್ನು ಬಚ್ಚಿಟ್ಟುಕೊಂಡೇ ನಿನ್ನನ್ನು ಉಳಿಸಬಹುದಾದ ದಾರಿ. ಆದರೆ ಆ ಸಾಹೇಬರು ನನ್ನ ಮುಖ ನೋಡಿದ್ದರಲ್ಲ. ಅವತ್ತು ಒಂದು ಹೇಳಿ ಇವತ್ತು ಒಂದು ಹೇಳುತ್ತೀಯಾ ಎಂದು ಎಲ್ಲರೆದುರು ಕೇಳಿಬಿಟ್ಟರೆ? "ಕಚೇರಿ ಮೆಟ್ಲು ಹತ್ತಾಕೆ ನನ್ ಕೈಲಿ ಆಗಲ್ಲವ್ವ, ಮನೆ ಮರ್ಯಾದೆ ಪ್ರಶ್ನೆ" ಎಂದುಬಿಟ್ಟೆ. ಅಧ್ಯಕ್ಷೆಯಾಗಿ ಎಷ್ಟು ಕಚೇರಿಗಳ ಮೆಟ್ಟಿಲು ಹತ್ತಿದ್ದೆನೋ, ನಿನಗೆ ಗೊತ್ತಿರಲಿಲ್ಲವೆ? ನೀನು, ಹೋಗಲಿ ಬಿಡಿ ಅಕ್ಕ ಎಂದೆ. ಮೇಲ್ಮನವಿ ವಜಾ ಆಯಿತು.

ಚುನಾವಣೆಯಲ್ಲಿ ಮತ್ತೆ ನಾನೇ ಗೆದ್ದೆ. ನಿನ್ನ ಹಾಲನ್ನು ಡೈರಿಯಲ್ಲಿ ತೆಗೆದುಕೊಳ್ಳಲಿಲ್ಲ. ನಾನು ದೊಡ್ಡ ಮನಸ್ಸಿನವಳ ಹಾಗೆ, ನನ್ನ ಹೆಸರಿಗೇ ಹಾಕಮ್ಮ ಎಂದೆ. ನೀನು ಹಾಕಿದೆ. ನಿಂಗಜ್ಜಿ ಜಗಳೂರಿನಿಂದ ಹೇರಿಕೊಂಡು ಬಂದ ಹಸುವಿನ ಹಾಲು, ಆಮೇಲೆ ಅದರ ಕರುವಿನ ಹಾಲು — ಎಲ್ಲ ಗೌರಮ್ಮನ ಲೆಕ್ಕಕ್ಕೆ. ಒಂದು ವರ್ಷ, ಊರಲ್ಲೇ ಹೆಚ್ಚು ಹಾಲು ಹಾಕಿದವಳು ಎಂದು ನನಗೆ ಶಾಲು ಹೊದಿಸಿ ಸ್ಟೀಲಿನ ಕ್ಯಾನು ಕೊಟ್ಟರು. ನೀನು ಸದಸ್ಯೆಯಲ್ಲ, ಆದ್ದರಿಂದ ಶಾಮಿಯಾನದ ಹೊರಗೆ ನಿಂತಿದ್ದೆ. ನನಗೆ ಕಂಡಿತು. ನೀನು ಚಪ್ಪಾಳೆ ತಟ್ಟುತ್ತಿದ್ದೆ.

ಇನ್ನು ಮಾವ. ನೀನು ಮಾಡುವ ಮಜ್ಜಿಗೆ ಎಂದರೆ ಅವರಿಗೆ ಪ್ರಾಣ. ನನ್ನ ಸರದಿಯ ತಿಂಗಳಲ್ಲೂ ಮಧ್ಯಾಹ್ನವಾದರೆ ನಿನ್ನ ಬಾಗಿಲ ಕಡೆ ನೋಡುತ್ತಾ ಕೂರುತ್ತಿದ್ದರು, ನೀನು ಶುಂಠಿ ಜಜ್ಜಿ ಹಾಕಿ ದೊಡ್ಡ ಲೋಟದಲ್ಲಿ ತಂದುಕೊಡುತ್ತಿದ್ದೆ. ಆದೇಶ ಬಂದ ಮೇಲೆ ಅದು ನಿಂತುಹೋಯಿತು. ನೀನು ಕೆಟ್ಟವಳಲ್ಲ, ನಿನ್ನ ಸರದಿಯಲ್ಲಿ ಊಟಕ್ಕೆ ಕಡಿಮೆ ಮಾಡಲಿಲ್ಲ. ತಟ್ಟೆ ಇಟ್ಟು ಮುಖ ತಿರುಗಿಸಿ ಹೋಗುತ್ತಿದ್ದೆ ಅಷ್ಟೆ. ಅವರು ನನ್ನನ್ನು ಕೇಳುತ್ತಿದ್ದರು, "ಮಂಜುಳ ಯಾಕವ್ವ ನನ್ ಕೂಡೆ ಮಾತಾಡಲ್ಲ? ನಾನೇನ್ ಮಾಡೀನಿ?" ಎಂದು. ನಾನು ಕೈಸನ್ನೆ ಮಾಡಿ, ಕೆಲಸ ಜಾಸ್ತಿ ಎಂದು ತೋರಿಸುತ್ತಿದ್ದೆ. ನಾನೇ ಮಜ್ಜಿಗೆ ಮಾಡಿಕೊಟ್ಟರೆ ಒಂದು ಗುಟುಕು ಕುಡಿದು ಕೆಳಗಿಡುತ್ತಿದ್ದರು. ಹೀಗೆಯೇ ವರ್ಷಗಳು ಹೋದವು.

ಮೊನ್ನೆ ಅವರು ಹೋದರು. ಈ ಸಲ ಯಾರೂ ನಡುಬಾಗಿಲು ಹಾಕಿಸಲಿಲ್ಲ. ನಿನ್ನ ಒಲೆಯೂ ಆರಿತು, ನನ್ನ ಒಲೆಯೂ ಆರಿತು. ನಮಗೆಲ್ಲ ಎದುರುಮನೆಯಿಂದ ಅನ್ನ ಬಂತು. ಆ ಅನ್ನದ ತಟ್ಟೆ ಮುಂದಿಟ್ಟುಕೊಂಡು ಕೂತಾಗ ನಾನು ಅತ್ತುಬಿಟ್ಟೆ. ಮಾವನಿಗಾಗಿ ಅಳುತ್ತಿದ್ದಾಳೆ ಎಂದು ಎಲ್ಲರೂ ಸಮಾಧಾನ ಮಾಡಿದರು. ನೀನೂ ಮಾಡಿದೆ.

ಹಾಲು-ತುಪ್ಪದ ದಿನ ಮಣ್ಣಿನ ಹತ್ತಿರ ನಿನ್ನ ಕೈಯಲ್ಲಿ ಹಾಲಿನ ಚೊಂಬು, ನನ್ನ ಕೈಯಲ್ಲಿ ತುಪ್ಪದ ಬಟ್ಟಲು. ಗಂಡಸರು ಅತ್ತ ಸರಿದಿದ್ದರು. ನೀನು ಬಗ್ಗಿ ಹಾಲು ಬಿಡುತ್ತಾ ಮೆಲ್ಲಗೆ ಹೇಳಿದೆ:

"ಮಾವ, ನೀವು ತಿಳೀದೆ ಆಡಿದ ಒಂದ್ ಮಾತಿಗೆ ನಿಮ್ ಮ್ಯಾಲೆ ಇಷ್ಟ್ ವರ್ಷ ಸಿಟ್ಟು ಇಟ್ಕಂಡಿದ್ದೆ. ಒಂದ್ ಲೋಟ ಮಜ್ಜಿಗೆ ಕೊಡ್ಲಿಲ್ಲ. ತಪ್ಪಾತು ಮಾವ, ಹೊಟ್ಟೇಗ್ ಹಾಕ್ಕಳ್ರಿ."

ನಾನು ಪಕ್ಕದಲ್ಲೇ ನಿಂತಿದ್ದೆ. ಆಗಲಾದರೂ ಹೇಳಬಹುದಿತ್ತು. ತುಪ್ಪ ಬಿಟ್ಟು ಬಂದೆ.

ಅವರು ಆಡದ ಮಾತಿಗೆ ನೀನು ಅವರಲ್ಲಿ ಕ್ಷಮೆ ಕೇಳಿದೆ. ಅದನ್ನು ಕೇಳಿಸಿಕೊಂಡ ಮೇಲೂ ಸುಮ್ಮನಿದ್ದರೆ ನಾನು ಮನುಷ್ಯಳಲ್ಲ. ಮಾವನಿಗೆ ನೀನು ಕೊಡದೆ ಹೋದ ಮಜ್ಜಿಗೆಯ ಭಾರ ನಿನ್ನದಲ್ಲ, ನನ್ನದು. ಅದನ್ನು ಇನ್ನು ಯಾವ ಕಚೇರಿಯೂ ಸರಿ ಮಾಡಿಕೊಡುವುದಿಲ್ಲ. ನಿನ್ನ ಸದಸ್ಯತ್ವವನ್ನು ಸರಿ ಮಾಡಲು ಆಗುತ್ತದೋ ಇಲ್ಲವೋ, ತಡವಾಗಿದೆ ಎನ್ನುತ್ತಾರೋ ಏನೋ, ನನಗೆ ಕಾನೂನು ತಿಳಿಯದು. ನಾಳೆ ಬೆಳಗಿನ ಬಸ್ಸಿಗೆ ಹೊನ್ನಾಳಿಗೆ ಹೋಗಿ ನಿನ್ನ ವಕೀಲರ ಮುಂದೆ ಎಲ್ಲವನ್ನೂ ಹೇಳಿ ಪ್ರಮಾಣಪತ್ರಕ್ಕೆ ಸಹಿ ಹಾಕುತ್ತೇನೆ. ಅದರಿಂದ ನನ್ನ ಮೇಲೆ ಕೇಸಾದರೆ ಆಗಲಿ. ಅಧ್ಯಕ್ಷ ಸ್ಥಾನಕ್ಕೆ ರಾಜೀನಾಮೆ ಬರೆದಿಟ್ಟಿದ್ದೇನೆ. ಬರುವ ಸಭೆಯಲ್ಲಿ ಇದನ್ನು ನಾನೇ ಎದ್ದು ನಿಂತು ಓದುತ್ತೇನೆ. ನೀನು ಶಾಮಿಯಾನದ ಹೊರಗೆ ನಿಲ್ಲಬೇಡ. ಒಳಗೆ ಬಂದು ಮುಂದೆ ಕೂರು.

ಕ್ಷಮಿಸು ಎಂದು ಕೇಳುವುದಿಲ್ಲ. ನೀನು ಕೇಳಿಕೊಂಡಿದ್ದು ಒಂದು ಮಾತು ಹೇಳಿ ಎಂದು. ಅದನ್ನು ಇವತ್ತು ಹೇಳುತ್ತಿದ್ದೇನೆ, ಕೇಳಬೇಕಾದ ಸಾಹೇಬರು ಈಗ ಎಲ್ಲಿದ್ದಾರೋ:

"ಸಾಹೇಬ್ರೇ, ಆ ಮನೇಲಿ ಸಾವಾಗೈತ್ರೀ. ಅದಕ್ಕೇ ಒಲೆ ಹಚ್ಚಿಲ್ಲ. ಅವರ ಮನೆ ಬೇರೆ, ನಮ್ ಮನೆ ಬೇರೆ. ಸ್ವಲ್ಪ ಕೂತ್ಕಳ್ರಿ, ಮಂಜುಳ ಅವರವ್ವನ ಮಣ್ಣಿಗೆ ಹಾಲು ಬಿಡಾಕೆ ಹೋಗ್ಯಾಳೆ, ಈಗ ಬರ್ತಾಳೆ."